ಗ್ರೀಕ್ ದೇವರುಗಳನ್ನು ಬೈದ ಪೊರ್ಬುಗಳು

ಪೊರ್ಬುಗಳ ಎರಡೂ ಮುಂಗೈಗಳ ಮೇಲೆ, ಮಣಿಕಟ್ಟಿನಿಂದ ಮೊಣಕೈಯವರೆಗೆ, ಅಡ್ಡಡ್ಡಕ್ಕೆ ಸುಟ್ಟ ಗೆರೆಗಳಿದ್ದವು. ಕೆಲವು ಬಿಳಿ, ಕೆಲವು ಕಂದು, ಒಂದೆರಡು ಉಬ್ಬಿಕೊಂಡು ಹೊಳೆಯುತ್ತಿದ್ದವು. ಹಡಗಿನ ಅಡುಗೆಮನೆಯಲ್ಲಿ ಬಿಸಿ ಒಲೆಯಿಂದ ಬ್ರೆಡ್ಡಿನ ತಟ್ಟೆ ಹೊರಗೆಳೆಯುವಾಗ ಹಡಗು ಒಮ್ಮೆ ವಾಲಿತೆಂದರೆ ಕೈ ಹೋಗಿ ಕಬ್ಬಿಣಕ್ಕೆ ತಾಗುತ್ತದೆ. ತಟ್ಟೆ ಬಿಟ್ಟರೆ ಇಡೀ ಹಡಗಿನ ಬ್ರೆಡ್ಡು ನೆಲದ ಪಾಲು. ಹಾಗೆ ಬಿಡದೆ ಹಿಡಿದುಕೊಂಡ ಹದಿನಾಲ್ಕು ವರ್ಷಗಳ ಗುರುತು ಅದು. ಹೊಸಬರು ಯಾರಾದರೂ "ಇದೆಂಥ ಪೊರ್ಬುಳೇ?" ಎಂದು ಕೇಳಿದರೆ, "ಗ್ರೀಕರ ಸಂಬಳದ ಸ್ಲಿಪ್ಪು" ಎನ್ನುತ್ತಿದ್ದರು. ನಗುತ್ತಿರಲಿಲ್ಲ.

ಪೊರ್ಬುಗಳು ಎಂಬುದು ಅವರ ಹೆಸರಲ್ಲ. ತುಳುನಾಡಿನಲ್ಲಿ ಕ್ರಿಶ್ಚಿಯನ್ ಗಂಡಸರನ್ನು ನಾವು ಮರ್ಯಾದೆಯಿಂದ ಹಾಗೆ ಕರೆಯುತ್ತೇವೆ. ಎಂಬತ್ತರ ದಶಕದ ನಡುವಿನಲ್ಲಿ ಒಮಾನಿನ ಇಬ್ರಾ ಪೇಟೆಯಿಂದ ಸ್ವಲ್ಪ ಆಚೆ, ರಸ್ತೆ ಮಾಡುವ ಕಂಪೆನಿಯೊಂದರ ಕ್ಯಾಂಪಿನಲ್ಲಿ, ಎಂಬತ್ತು ಜನರಿಗೆ ಅವರು ಅಡುಗೆ ಮಾಡುತ್ತಿದ್ದರು. ನಾನು ಅಲ್ಲಿ ಟೈಮ್ ಕೀಪರ್. ಬೆಳಿಗ್ಗೆ ಯಾರು ಲಾರಿ ಹತ್ತಿದರು, ಸಂಜೆ ಯಾರು ಇಳಿದರು ಎಂದು ಹಾಜರಿ ಬರೆಯುವ ಕೆಲಸ. ಸೈಟಿನ ಮ್ಯಾನೇಜರ್ ನನ್ನ ದೊಡ್ಡಕ್ಕನ ಗಂಡ. ನನಗೆ ವೀಸಾ ಕಳಿಸಿದವರೂ ಅವರೇ. ಕ್ಯಾಂಪಿನಲ್ಲಿ ಎಲ್ಲರೂ ಅವರಿಗೆ ಸಾರ್ ಎನ್ನುತ್ತಿದ್ದರು, ನಾನೊಬ್ಬ ಭಾವ ಎನ್ನುತ್ತಿದ್ದೆ. ಆ ಒಂದು ಶಬ್ದದಿಂದಾಗಿ ನನಗೆ ಏಸಿ ಇರುವ ಕ್ಯಾಬಿನ್ ಸಿಕ್ಕಿತ್ತು.

ಪೊರ್ಬುಗಳಿಗೆ ಮೂಗಿನ ತುದಿಯಲ್ಲಿ ಸಿಟ್ಟು. ಸಾರಿಗೆ ಉಪ್ಪು ಸಾಲದು ಎಂದರೆ ಸಿಟ್ಟು, ಅನ್ನ ಬಿಟ್ಟರೆ ಸಿಟ್ಟು, ಅಡುಗೆಮನೆಯ ಹೊಸ್ತಿಲಲ್ಲಿ ಬೂಟು ಕಳಚದಿದ್ದರೆ ಮಹಾ ಸಿಟ್ಟು. ಆದರೆ ಅವರು ನಿಜವಾಗಿ ಸಿಟ್ಟಾಗುತ್ತಿದ್ದದ್ದು ಗ್ರೀಕ್ ದೇವರುಗಳ ಮೇಲೆ. ಗ್ರೀಕ್ ಹಡಗುಗಳಲ್ಲಿದ್ದಾಗ ಒಬ್ಬ ಮುದಿ ಎಣ್ಣೆಗಾರ, ಎಂಜಿನ್ನಿಗೆ ಎಣ್ಣೆ ಹಾಕುವವನು, ಬಿಡುವಿನಲ್ಲಿ ಇವರ ಪಕ್ಕ ಕುಳಿತು ಬಟಾಟೆ ಸುಲಿಯುತ್ತ ತನ್ನ ದೇಶದ ಹಳೆಯ ಕಥೆಗಳನ್ನೆಲ್ಲ ಹೇಳಿದ್ದನಂತೆ. ಶುಕ್ರವಾರ ನಮಗೆ ರಜೆ. ಮಧ್ಯಾಹ್ನ ಊಟವಾದ ಮೇಲೆ ಏಳೆಂಟು ಜನ ಅಡುಗೆಮನೆಯಲ್ಲಿ ಸೇರುತ್ತಿದ್ದೆವು. ಕಥೆ ಬೇಕಿದ್ದರೆ ಶನಿವಾರದ ಬೆಳ್ಳುಳ್ಳಿ ಸುಲಿದುಕೊಡಬೇಕು.

ಅವರ ಬಾಯಲ್ಲಿ ದೇವರುಗಳ ಹೆಸರೇ ಬೇರೆ. ಪುಸ್ತಕಗಳಲ್ಲಿ ಜೀಯಸ್ ಎಂದು ಬರೆಯುವ ದೊಡ್ಡ ದೇವರು ಇವರಿಗೆ ದಿಯಾಸ್. ಅವನ ಹೆಂಡತಿ ಇರಾ. ಆ ಎಣ್ಣೆಗಾರ ಹೇಗೆ ಹೇಳಿದ್ದನೋ ಹಾಗೆ. ಸ್ವರ್ಗ, ಸಿಂಹಾಸನ, ಸಿಡಿಲು ಇವೆಲ್ಲ ಅವರ ಕಥೆಯಲ್ಲಿ ಬರುತ್ತಲೇ ಇರಲಿಲ್ಲ. ಬರುತ್ತಿದ್ದದ್ದು ಒಂದು ದೊಡ್ಡ ಮನೆ, ಅದರೊಳಗಿನ ಅನ್ಯಾಯ.

"ಮೊದ್ಲು ಅಪ್ಪ. ಕ್ರೋನೋಸ್ ಅಂತ. ಮಕ್ಕಳು ದೊಡ್ಡವರಾದ್ರೆ ತನ್ನ ಕುರ್ಚಿ ಹೋಗ್ತದೆ ಅಂತ ಹೆದರಿ, ಹುಟ್ಟಿದ್ದನ್ನು ಹುಟ್ಟಿದ ಹಾಗೆ ನುಂಗಿದ. ಐದು ಮಕ್ಕಳು! ಆರನೆಯದ್ದು ಈ ದಿಯಾಸ್. ತಾಯಿ ಒಂದು ಕಲ್ಲಿಗೆ ಬಟ್ಟೆ ಸುತ್ತಿ ಕೊಟ್ಳು, ಗಂಡ ಅದನ್ನೇ ನುಂಗಿದ. ತನ್ನ ಮಗು ಯಾವ್ದು, ಕಲ್ಲು ಯಾವ್ದು ಅಂತ ಗೊತ್ತಾಗದವ ಅಪ್ಪನಾ?"

"ಆಮೇಲೆ?"

"ಆಮೇಲೆ ಎಂಥ? ದಿಯಾಸ್ ದೊಡ್ಡವನಾಗಿ ಅಪ್ಪನ ಹೊಟ್ಟೆಯಿಂದ ಎಲ್ಲರನ್ನೂ ಕಕ್ಕಿಸಿದ. ಅಲ್ಲಿಗೆ ಒಳ್ಳೆಯವ ಅಂತ ನಾವು ಗ್ರಹಿಸ್ಬೇಕು. ಕುರ್ಚಿಯಲ್ಲಿ ಕೂತ ಕೂಡ್ಲೆ ಅಪ್ಪನಿಗಿಂತ ಕಡೆ ಆದ. ಅಕ್ಕನನ್ನೇ ಮದುವೆ ಆದ!"

ಯಾರೋ ಕಿಸಕ್ಕೆಂದರು. ಪೊರ್ಬುಗಳು ಚೂರಿಯನ್ನು ಹಲಗೆಗೆ ಕುಕ್ಕಿದರು. "ನಗ್ಬೇಡ. ನಗುವ ಕಥೆ ಅಲ್ಲ ಇದು."

ಇರಾಕ್ಲಿಸ್ ಎಂಬ ಮಹಾವೀರನ ಕಥೆ ಹೇಳಿದ ದಿನ ಅವರ ಮುಖ ಕೆಂಪಾಗಿತ್ತು. ಮಲತಾಯಿ ಇರಾ ಅವನಿಗೆ ಹುಚ್ಚು ಹಿಡಿಸಿದಳು, ಹುಚ್ಚಿನಲ್ಲಿ ಅವನು ತನ್ನ ಮಕ್ಕಳನ್ನೇ ಕೊಂದ, ಆಮೇಲೆ ಸಿಂಹ ಕೊಂದ, ಹಾವು ಕೊಂದ, ಊರೆಲ್ಲ ಜೈಕಾರ ಹಾಕಿತು. "ಆ ಮಕ್ಕಳ ಹೆಸ್ರು ಯಾರಿಗಾದ್ರೂ ಗೊತ್ತುಂಟಾ? ಸಿಂಹದ ಸುದ್ದಿ ಎಲ್ರಿಗೂ ಗೊತ್ತು" ಎಂದು ಅವರು ನಮ್ಮನ್ನೇ ಗದರಿಸಿದರು, ನಾವೇ ಮರೆತವರೆಂಬಂತೆ.

ಈ ಕಥೆಗಳಿಗೆ ಬಿಡದೆ ಬರುತ್ತಿದ್ದವರು ಕಾರ್ಕಳ ಕಡೆಯ ಇಬ್ಬರು ಅಣ್ಣತಮ್ಮಂದಿರು. ಇಬ್ಬರೂ ಬಡಗಿಗಳು. ಕಾಂಕ್ರೀಟು ಸುರಿಯುವ ಮೊದಲು ಹಲಗೆಯ ಅಚ್ಚು ಕಟ್ಟಿ, ಅದರ ಕೆಳಗೆ ಆಸರೆಯ ಕಂಬ ಕೊಡುವ ಕೆಲಸ ಅವರದು. ಕ್ಯಾಂಪಿನಲ್ಲಿ ಅವರಿಗೆ ದೊಡ್ಡ ಆಚಾರಿ, ಸಣ್ಣ ಆಚಾರಿ ಎಂದೇ ಹೆಸರು. ಸಣ್ಣ ಆಚಾರಿಗೆ ನನ್ನದೇ ಪ್ರಾಯ. "ಆಮೇಲೆ?" ಎಂದು ಪ್ರತಿ ಮಾತಿಗೂ ಕೇಳುತ್ತಿದ್ದವನು ಅವನೇ. ದೇವರುಗಳಲ್ಲಿ ಒಬ್ಬ ಕುಂಟ ಕಮ್ಮಾರನಿದ್ದಾನೆ, ಇಫೆಸ್ತೋಸ್. ಚಂದ ಇಲ್ಲ ಎಂದು ಹೆತ್ತ ತಾಯಿಯೇ ಅವನನ್ನು ಬೆಟ್ಟದಿಂದ ಕೆಳಗೆ ಎಸೆದಳು ಎಂದು ಪೊರ್ಬುಗಳು ಹೇಳಿದಾಗ ಅವನು ಬೆಳ್ಳುಳ್ಳಿ ಕೆಳಗಿಟ್ಟ.

"ಕಮ್ಮಾರ ಅಂದ್ರೆ ನಮ್ಮ ಪೈಕಿಯವನೇ ಆಯ್ತಲ್ಲ ಪೊರ್ಬುಳೇ. ಅವ ಮತ್ತೆ ತಾಯಿ ಹತ್ರ ಹೋದ್ನಾ?"

"ಒಂದು ಚಿನ್ನದ ಕುರ್ಚಿ ಮಾಡಿ ಕಳಿಸಿದ. ತಾಯಿ ಕೂತ್ಕೊಂಡದ್ದೇ ತಡ, ಕುರ್ಚಿ ಅವಳನ್ನು ಹಿಡ್ಕೊಂಡಿತು. ಏಳ್ಲಿಕ್ಕೆ ಆಗಲಿಲ್ಲ."

ಸಣ್ಣ ಆಚಾರಿ ತಲೆಯಾಡಿಸಿದ. "ಪಾಪ, ತಾಯಿ ಅಲ್ವಾ. ನಾನಾದ್ರೆ ಬಿಡಿಸ್ತಿದ್ದೆ."

ಕೆಳಗಿಟ್ಟ ಬೆಳ್ಳುಳ್ಳಿಯನ್ನು ಪೊರ್ಬುಗಳು ಎತ್ತಿ ಅವನ ಕೈಗಿಟ್ಟರು. "ನೀನು ಬಿಡಿಸುವವನೇ" ಎಂದರು. ಅಷ್ಟು ಮೆತ್ತಗೆ ಅವರು ಮಾತಾಡಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ.

ಆ ಬೇಸಿಗೆಯಲ್ಲಿ ನಾವು ಒಂದು ವಾದಿಗೆ ಸೇತುವೆ ಕಟ್ಟುತ್ತಿದ್ದೆವು. ಮಳೆ ಬಂದಾಗ ಮಾತ್ರ ನೀರು ಕಾಣುವ ಒಣ ಹೊಳೆ ಅದು. ಮೇಲಿನ ಕಾಂಕ್ರೀಟು ಗಟ್ಟಿಯಾಗುವವರೆಗೆ ಅಡಿಯ ಕಂಬಗಳನ್ನು ತೆಗೆಯಬಾರದು. ಆದರೆ ಮುಂದಿನ ಸೇತುವೆಗೆ ಅದೇ ಕಂಬಗಳು ಬೇಕಿದ್ದವು, ಕೆಲಸ ಹಿಂದೆ ಬಿದ್ದಿತ್ತು. ಇನ್ನೂ ನಾಲ್ಕು ದಿನ ಬೇಕೆಂದು ಫೋರ್ಮನ್ ಹೇಳಿದ. ಭಾವ ಕೇಳಲಿಲ್ಲ. ಮಂಗಳವಾರ ಮಧ್ಯಾಹ್ನ ಕಂಬ ಬಿಡಿಸಲು ಸಣ್ಣ ಆಚಾರಿ ಸೇತುವೆಯ ಕೆಳಗೆ ಹೋದ. ಮೂಲೆಯ ಕಾಂಕ್ರೀಟು ಅವನ ಮೇಲೆ ಕುಸಿಯಿತು. ಹೊರಗೆ ತೆಗೆಯುವಾಗ ಜೀವವಿರಲಿಲ್ಲ. ದೊಡ್ಡ ಆಚಾರಿ ಆ ದಿನ ಬೇರೆ ಸೈಟಿನಲ್ಲಿದ್ದ. ಅವನಿಗೆ ಸಂಜೆ ಲಾರಿಯಿಂದ ಇಳಿದ ಮೇಲೆ ಗೊತ್ತಾಯಿತು. ಹೆಣವನ್ನು ಅಷ್ಟರಲ್ಲಿ ಮಸ್ಕತ್ತಿಗೆ ಸಾಗಿಸಿಯಾಗಿತ್ತು.

ಮರುದಿನ ಬೆಳಿಗ್ಗೆ ಭಾವ ನನ್ನನ್ನು ಕ್ಯಾಬಿನ್ನಿಗೆ ಕರೆದು ಬಾಗಿಲು ಹಾಕಿದರು.

"ಸಣ್ಣ ಆಚಾರಿಗೆ ನಿನ್ನೆ ಎಂಥ ಹಾಕಿದ್ದಿ?"

"ಹಾಜರಿ, ಭಾವ."

"ಸಿಕ್ ಅಂತ ಹಾಕು. ಜ್ವರ ಇತ್ತು, ಕ್ಯಾಂಪಲ್ಲೇ ಮಲಗಿದ್ದ. ಮರೆತು ಬಂದ ಉಳಿ ತರ್ಲಿಕ್ಕೆ ಅಂತ ತಾನಾಗಿ ಸೈಟಿಗೆ ಹೋದ. ಪೊಲೀಸರಿಗೂ ಹಾಗೇ ಹೇಳಿ ಆಗಿದೆ. ಹೊಸ ಶೀಟು ಬರಿ, ಹಳೇದು ಸುಟ್ಟು ಹಾಕು."

ಅವರು ನನ್ನ ಹೆಗಲ ಮೇಲೆ ಕೈಯಿಟ್ಟರು. "ಸತ್ತವ ಸತ್ತ ಮಾರಾಯ. ಬದುಕಿದವರು ಹಾಳಾಗುದು ಬೇಡ. ನಿನ್ನ ಅಕ್ಕನನ್ನು ಒಮ್ಮೆ ನೆನೆಸ್ಕೊ."

ನಾನು ಬರೆದೆ. ಕೈ ನಡುಗಿತು, ಕಣ್ಣು ಮಂಜಾಯಿತು ಎಂದೆಲ್ಲ ಈಗ ಹೇಳಿಕೊಳ್ಳಬಹುದು. ಅಂಥದೇನೂ ಆಗಲಿಲ್ಲ. ಅಕ್ಷರ ಎಂದಿನಂತೆ ದುಂಡಗೆ ಬಂತು. ಹಳೆಯ ಶೀಟನ್ನು ಮಾತ್ರ ಸುಡದೆ ಮಡಚಿ ಪೆಟ್ಟಿಗೆಯಲ್ಲಿಟ್ಟೆ. ಅದು ಧೈರ್ಯವಲ್ಲ. ನಾಳೆ ಎಲ್ಲ ನನ್ನ ತಲೆಗೆ ಬಂದರೆ ತೋರಿಸಲು ಏನಾದರೂ ಇರಲಿ ಎಂಬ ಅಂಜಿಕೆ.

ಗುರುವಾರ ಬೆಳಿಗ್ಗೆ ದೊಡ್ಡ ಆಚಾರಿ ಒಂದು ಕಾಗದ ಹಿಡಿದು ಅಡುಗೆಮನೆಗೆ ಬಂದ. ನಾನು ಅಲ್ಲಿ ಚಾ ಕುಡಿಯುತ್ತಿದ್ದೆ. ಪೊರ್ಬುಗಳು ದೊಡ್ಡ ಹಂಡೆಯಲ್ಲಿ ಅಕ್ಕಿ ತೊಳೆಯುತ್ತಿದ್ದರು.

"ಇದಕ್ಕೆ ಸೈನ್ ಹಾಕ್ಬೇಕಂತೆ" ಎಂದ ಆಚಾರಿ ನನಗೆ. ಎರಡು ದಿನದಲ್ಲಿ ಅವನ ಸ್ವರ ಒಡೆದುಹೋಗಿತ್ತು. "ಹಾಕಿದ್ರೆ ತಮ್ಮನನ್ನು ನಾಳಿನ ವಿಮಾನದಲ್ಲೇ ಕಳಿಸ್ತಾರಂತೆ, ನನ್ನನ್ನೂ ಒಟ್ಟಿಗೆ. ಹಾಕದಿದ್ರೆ ಎಷ್ಟು ದಿನ ಆಗ್ತದೋ ಗೊತ್ತಿಲ್ಲ ಅಂದ್ರು ಸಾರ್. ಎಂಥ ಬರ್ದುಂಟು, ಒಮ್ಮೆ ಓದಿ ಹೇಳಿ."

ನಾನು ಓದಿದೆ. ನನ್ನ ತಮ್ಮನಿಗೆ ಮಂಗಳವಾರ ಜ್ವರವಿತ್ತು, ಅವನು ಕೆಲಸಕ್ಕೆ ಹೋಗಿರಲಿಲ್ಲ, ತನ್ನ ಇಚ್ಛೆಯಿಂದ ಸೈಟಿಗೆ ಹೋಗಿ ತನ್ನ ತಪ್ಪಿನಿಂದ ಸತ್ತಿದ್ದಾನೆ ಎಂದಿತ್ತು. ತುಳುವಿನಲ್ಲಿ ಹೇಳುವಾಗ ಆ ಮಾತುಗಳು ಇಂಗ್ಲಿಷಿನಲ್ಲಿದ್ದಷ್ಟು ನಯವಾಗಿರಲಿಲ್ಲ.

ಅಕ್ಕಿ ತೊಳೆಯುವ ಸದ್ದು ನಿಂತಿತು.

"ಯಾರಿಗೆ ಜ್ವರ?" ಎಂದರು ಪೊರ್ಬುಗಳು. "ಬೆಳಿಗ್ಗೆ ನಾಲ್ಕೂವರೆಗೆ ಅವನಿಗೆ ಬುತ್ತಿ ಕಟ್ಟಿ ಕೊಟ್ಟದ್ದು ನಾನು, ಈ ಕೈಯಲ್ಲಿ. ಒಂದು ಚಪಾತಿ ಜಾಸ್ತಿ ಕೇಳಿ ತಕ್ಕೊಂಡು ಹೋದವ ಅವ." ಅವರು ನನ್ನ ಕಡೆ ತಿರುಗಿದರು. "ನಿನ್ನ ಪುಸ್ತಕದಲ್ಲಿ ಎಂಥ ಉಂಟು?"

ನಾನು ಚಾದ ಲೋಟ ನೋಡುತ್ತಿದ್ದೆ.

"ಬಾಯಿ ಬಿಡು!"

"ಸಿಕ್" ಎಂದೆ.

ಹೊಡೆಯುತ್ತಾರೆ ಎಂದುಕೊಂಡೆ. ಹೊಡೆದಿದ್ದರೆ ಚೆನ್ನಾಗಿತ್ತು. ಅವರು ನನ್ನ ಕೈಯಿಂದ ಲೋಟ ಕಿತ್ತುಕೊಂಡು ಚಾವನ್ನು ಮೋರಿಗೆ ಚೆಲ್ಲಿದರು. ಒಂದೊಂದಾಗಿ ನಾಲ್ಕೂ ಒಲೆ ಆರಿಸಿದರು. ಗ್ಯಾಸಿನ ಸಿಲಿಂಡರು ಬಂದ್ ಮಾಡಿದರು. ನಮ್ಮಿಬ್ಬರನ್ನೂ ಹೊರಗೆ ದಾಟಿಸಿ, ಬಾಗಿಲಿಗೆ ಬೀಗ ಹಾಕಿ, ಕುರ್ಚಿ ಎಳೆದು ಅದರ ಎದುರಿಗೇ ಕುಳಿತರು.

"ಆಚಾರಿ, ಸೈನ್ ಹಾಕ್ಬೇಡ" ಎಂದರು. "ನಿನ್ನ ತಮ್ಮನನ್ನು ಅವನ ನಿಜದ ಒಟ್ಟಿಗೆ ಕಳಿಸುವ."

ಗುರುವಾರ ಅರ್ಧ ದಿನವೇ ಕೆಲಸ, ಮಧ್ಯಾಹ್ನ ಕ್ಯಾಂಪಿಗೆ ಮರಳಿದ ಎಂಬತ್ತು ಜನಕ್ಕೆ ಊಟವಿಲ್ಲ. ಮೊದಲು ಗಲಾಟೆಯಾಯಿತು. ಬಿಸಿಲಿಗೆ ಬೆಂದು ಬಂದವರು ಸುಮ್ಮನಿರುತ್ತಾರೆಯೇ? ನಾಲ್ಕು ಜನ ಬೀಗ ಒಡೆಯಲು ಬಂದರು. ಪೊರ್ಬುಗಳು ಏಳಲಿಲ್ಲ. ಹರಕು ಹಿಂದಿಯಲ್ಲಿ ಅವರಿಗೆ ದಿಮಿತ್ರಾ ಎಂಬ ತಾಯಿಯ ಕಥೆ ಹೇಳಿದರು. ಅವಳು ಬೆಳೆಯ ದೇವತೆ. ಅವಳ ಮಗಳನ್ನು ಪಾತಾಳದ ದೇವರು ಹೊತ್ತುಕೊಂಡು ಹೋದ. ಅವನು ಹುಡುಗಿಗೆ ದೊಡ್ಡಪ್ಪನೇ ಆಗಬೇಕು. ಒಪ್ಪಿಗೆ ಕೊಟ್ಟವನು ಹುಡುಗಿಯ ತಂದೆ ದಿಯಾಸ್. ತಾಯಿ ಯಾರ ಕಾಲಿಗೂ ಬೀಳಲಿಲ್ಲ. ಭೂಮಿಯಲ್ಲಿ ಒಂದು ಕಾಳೂ ಬೆಳೆಯದ ಹಾಗೆ ಮಾಡಿ ಸುಮ್ಮನೆ ಕುಳಿತಳು.

"ಅಷ್ಟು ದೊಡ್ಡ ದಿಯಾಸ್ ಯಾಕೆ ಬಗ್ಗಿದ? ನ್ಯಾಯಕ್ಕಲ್ಲ. ಜನ ಸತ್ರೆ ಇವನಿಗೆ ಪೂಜೆ ಮಾಡುವವರು ಯಾರು ಅಂತ ಬಗ್ಗಿದ. ನಾಳೆ ಇಲ್ಲಿ ನೀವು ಸತ್ರೂ ಇವರು ಜ್ವರ ಅಂತ ಬರೀತಾರೆ. ಆಗ ನಿಮ್ಗೆ ಅನ್ನ ಬೇಕಾ?"

ಬೀಗ ಒಡೆಯಲು ಬಂದವರಲ್ಲಿ ಒಬ್ಬ ಪೇಶಾವರದ ಗಾರೆಯವನು. ಅವನು ಕೈಯಲ್ಲಿದ್ದ ಸಲಾಕೆಯನ್ನು ಕೆಳಗೆ ಹಾಕಿ ಅಲ್ಲೇ ನೆಲದ ಮೇಲೆ ಕುಳಿತ. ಆಮೇಲೆ ಒಬ್ಬೊಬ್ಬರಾಗಿ ಎಲ್ಲರೂ ಅಂಗಡಿಯಿಂದ ಕುಬೂಸ್ ರೊಟ್ಟಿ ತಂದು ಮಜ್ಜಿಗೆಯಲ್ಲಿ ನೆನೆಸಿ ತಿಂದರು. ಮತ್ತೆ ಯಾರೂ ಅನ್ನ ಕೇಳಲಿಲ್ಲ.

ಶುಕ್ರವಾರ ಭಾವ ಬಂದರು.

"ಏನು ಪೊರ್ಬುಳೇ, ಸ್ಟ್ರೈಕಾ? ಇದು ನಮ್ಮ ಊರಲ್ಲ, ನೆನಪಿರಲಿ."

"ಸ್ಟ್ರೈಕ್ ಎಂಥದೂ ಇಲ್ಲ ಸಾರ್. ಒಲೆ ಹೊತ್ತಿಸ್ಲಿಕ್ಕೆ ನನಗೆ ಮನಸ್ಸಿಲ್ಲ."

"ನಾಳೆಯೇ ವೀಸಾ ಕ್ಯಾನ್ಸಲ್ ಮಾಡಿ ಕಳಿಸ್ತೇನೆ. ಖಲಾಸ್ ಅಂದ್ರೆ ಖಲಾಸ್."

"ಕಳಿಸಿ. ಮೊದ್ಲು ಆ ಹುಡುಗನನ್ನು ಕಳಿಸಿ. ಸುಳ್ಳು ಹೊರಿಸದೆ ಕಳಿಸಿ."

ಭಾವ ನನ್ನ ಕಡೆ ನೋಡಿದರು, ಏನಾದರೂ ಹೇಳು ಎಂಬಂತೆ. ಪೊರ್ಬುಗಳೂ ನೋಡಿದರು. ನಾನು ಇಬ್ಬರಿಗೂ ಬೆನ್ನು ಹಾಕಿ ನನ್ನ ಕ್ಯಾಬಿನ್ನಿಗೆ ನಡೆದೆ.

ಸ್ವಲ್ಪ ಹೊತ್ತಿಗೆ ಪೊರ್ಬುಗಳೇ ಬಂದರು. ನನ್ನ ಕ್ಯಾಬಿನ್ನಿಗೆ ಅವರು ಬಂದದ್ದು ಅದೇ ಮೊದಲು. ಚಪ್ಪಲಿ ಹೊರಗೆ ಬಿಟ್ಟು, ನನ್ನ ಹಾಸಿಗೆಯ ಮೇಲೆ ಕುಳಿತು, ಏಸಿಯ ಗಾಳಿಗೆ ಒಮ್ಮೆ ಮುಖ ಒಡ್ಡಿದರು.

"ನನ್ನ ಅಮ್ಮ ಸತ್ತಾಗ ನಾನು ಹಡಗಲ್ಲಿದ್ದೆ" ಎಂದರು. "ತಂತಿ ಬಂದಿತ್ತು. ಕ್ಯಾಪ್ಟನ್ ಹತ್ತೊಂಬತ್ತು ದಿನ ಕಿಸೆಯಲ್ಲಿ ಇಟ್ಕೊಂಡ. ಹೇಳಿದ್ರೆ ಮೊದಲು ಸಿಗುವ ಬಂದರಲ್ಲಿ ನಾನು ಇಳಿದು ಹೋಗ್ತೇನೆ, ಅವನಿಗೆ ಬೇರೆ ಕುಕ್ಕು ಇಲ್ಲ, ಅದಕ್ಕೆ. ಹತ್ತೊಂಬತ್ತು ದಿನ ನಾನು ಅವನಿಗೆ ಬಡಿಸಿದೆ. ಅವ ಉಂಡ. ಅಮ್ಮನನ್ನು ಮಣ್ಣು ಮಾಡಿ ಆಗಿದೆ ಅಂತ ಅವನಿಗೆ ಗೊತ್ತು, ನನಗೆ ಗೊತ್ತಿಲ್ಲ."

ಅವರು ಮುಂಗೈಯ ಒಂದು ಸುಟ್ಟ ಗೆರೆಯನ್ನು ಸವರಿಕೊಂಡರು.

"ನನಗೆ ಗೊತ್ತಾದ ದಿನ ಎಣ್ಣೆಗಾರ ಮುದುಕ ಒಂದು ಕಥೆ ಹೇಳಿದ. ಒಬ್ಬ ಕುರುಡ ರಾಜ. ಅವನ ಗಂಡುಮಕ್ಕಳಿಬ್ಬರು ಕುರ್ಚಿಗಾಗಿ ಹೊಡೆದಾಡಿ ಸತ್ರು. ಹೊಸ ರಾಜ ಒಬ್ಬನಿಗೆ ಮೆರವಣಿಗೆ ಮಾಡಿಸಿದ. ಇನ್ನೊಬ್ಬನನ್ನು ನಾಯಿ ನರಿ ತಿನ್ಲಿ, ಯಾರೂ ಮಣ್ಣು ಹಾಕ್ಬಾರ್ದು, ಹಾಕಿದವರಿಗೆ ಸಾವು ಅಂತ ಡಂಗುರ ಸಾರಿದ. ಸತ್ತವರಿಗೆ ಒಬ್ಬಳು ತಂಗಿ. ಅವಳು ಹಗಲಲ್ಲೇ ಹೋಗಿ ಮಣ್ಣು ಹಾಕಿದ್ಳು. ಕೈಯಿಂದ ಬಾಚಿ ಹಾಕಿದ್ಳು. ಆ ರಾಜ ಯಾರು ಅಂತ ಗೊತ್ತುಂಟಾ ನಿಂಗೆ?"

"ಇಲ್ಲ."

"ಅವಳ ಸೋದರಮಾವ. ಅನ್ನ ಹಾಕಿ ಸಾಕಿದವ. ಹೊರಗಿನವರ ಎದುರು ನಿಲ್ಲುದು ಕಷ್ಟ ಅಲ್ಲ ಮಾರಾಯ. ಮನೆಯವರ ಎದುರು ನಿಲ್ಲುದು ಕಷ್ಟ. ಆ ಹುಡುಗಿ ನಿಂತ್ಳು."

ಅವರು ಎದ್ದರು. ಬಾಗಿಲಲ್ಲಿ ನಿಂತು, "ನಾಳೆ ನಾವು ಪೊಲೀಸ್ ಸ್ಟೇಷನಿಗೆ ಹೋಗ್ತೇವೆ. ನೀನು ಎಂಥ ಮಾಡ್ತಿ ಅಂತ ನಾನು ಕೇಳುದಿಲ್ಲ" ಎಂದರು.

ಶನಿವಾರ ಬೆಳಿಗ್ಗೆ ಕ್ಯಾಂಪಿಗೆ ಕುಡಿಯುವ ನೀರು ತರುತ್ತಿದ್ದ ಇಬ್ರಾದ ಮುದುಕನ ಟ್ಯಾಂಕರಿನಲ್ಲಿ ಪೊರ್ಬುಗಳೂ ದೊಡ್ಡ ಆಚಾರಿಯೂ ಪೇಟೆಗೆ ಹೋದರು. ಒಮಾನಿನವನೇ ಆದ ಆ ಮುದುಕ ದಿನಾ ಪೊರ್ಬುಗಳ ಜೊತೆ ಉಣ್ಣುತ್ತಿದ್ದವನು. ಸ್ಟೇಷನಿನಲ್ಲಿ ಇವರ ಮಾತನ್ನು ಅರಬಿಗೆ ತಿರುಗಿಸಿ ಹೇಳಿದವನು ಅವನೇ ಎಂದು ಆಮೇಲೆ ಗೊತ್ತಾಯಿತು. ಹನ್ನೊಂದು ಗಂಟೆಗೆ ಪೊಲೀಸ್ ಜೀಪು ಕ್ಯಾಂಪಿಗೆ ಬಂತು. ಇಳಿದವನು ಒಬ್ಬ ಯುವಕ ಸಾರ್ಜೆಂಟ್. ಭಾವನ ಕ್ಯಾಬಿನ್ನಿನಲ್ಲಿ ಕುಳಿತು ಹಾಜರಿ ಪುಸ್ತಕ ತರಿಸಿದ. ಪುಸ್ತಕ ನೋಡಿ, ಇಂಗ್ಲಿಷಿನಲ್ಲಿ ನಿಧಾನವಾಗಿ ಕೇಳಿದ: "ಇದನ್ನು ಬರೆದದ್ದು ನೀನೇನಾ?"

"ಹೌದು."

"ಇದು ಸತ್ಯವಾ?"

ಭಾವ ತುಳುವಿನಲ್ಲಿ, ಮುಖದ ಮೇಲೆ ನಗು ಇಟ್ಟುಕೊಂಡೇ, "ಹೌದು ಅಂತ ಹೇಳು. ಅಕ್ಕ ಬಸುರಿ, ನೆನಪುಂಟಲ್ಲ" ಎಂದರು.

ಪೊರ್ಬುಗಳು ಬಾಗಿಲ ಹೊರಗೆ ಬಿಸಿಲಲ್ಲಿ ನಿಂತಿದ್ದರು. ಅವರು ನನ್ನತ್ತ ನೋಡುತ್ತಿರಲಿಲ್ಲ. ನೋಡಿದ್ದರೆ ಬಹುಶಃ ನಾನು ಸುಳ್ಳೇ ಹೇಳುತ್ತಿದ್ದೆ, ಅಷ್ಟು ಹಟ ನನಗಿತ್ತು. ಅಕ್ಕನನ್ನು, ಇನ್ನೂ ಹುಟ್ಟದ ಮಗುವನ್ನು ಗುರಾಣಿಯಂತೆ ಮುಂದೆ ಹಿಡಿದ ಆ ಮನುಷ್ಯನ ನಗು ಕಂಡು ನನ್ನೊಳಗೆ ಎಂಥದೋ ಹೊತ್ತಿಕೊಂಡಿತು. ನನ್ನ ಜೀವಮಾನದಲ್ಲಿ ಅಂಥ ಸಿಟ್ಟು ಅದಕ್ಕೆ ಮೊದಲು ಬಂದಿರಲಿಲ್ಲ. ನಾನು ಎದ್ದು ನನ್ನ ಕ್ಯಾಬಿನ್ನಿಗೆ ಹೋಗಿ, ಪೆಟ್ಟಿಗೆಯಿಂದ ಹಳೆಯ ಶೀಟು ತಂದು ಮೇಜಿನ ಮೇಲೆ ಬಿಡಿಸಿಟ್ಟೆ. "ಸತ್ಯ ಇದು" ಎಂದೆ.

ಸಾರ್ಜೆಂಟ್ ಎರಡೂ ಹಾಳೆಗಳನ್ನು ಬಹಳ ಹೊತ್ತು ನೋಡಿದ. ಹಳೆಯದನ್ನು ತನ್ನ ಫೈಲಿಗೆ ಸೇರಿಸಿ, ಅರಬಿಯಲ್ಲಿ ಏನೋ ಅಂದ. ಅದು ನನಗೆ ಅರ್ಥವಾಗಲಿಲ್ಲ, ಆದರೆ ಹೊರಗಿದ್ದ ಟ್ಯಾಂಕರಿನ ಮುದುಕ ಸತ್ತವನಿಗೆ ಪ್ರಾರ್ಥಿಸುವವನಂತೆ ತಲೆ ತಗ್ಗಿಸಿದ.

ಮುಂದಿನ ವಾರ ಸಣ್ಣ ಆಚಾರಿಯ ಶವ ಊರಿಗೆ ಹೋಯಿತು. ಕೆಲಸದ ವೇಳೆ, ಕೆಲಸದ ಜಾಗದಲ್ಲಿ, ಅವನ ತಪ್ಪಿಲ್ಲದೆ ಸತ್ತ ಎಂದು ಕಾಗದದಲ್ಲಿ ಬರೆದಿತ್ತು. ಅವನ ತಾಯಿಗೆ ಕಂಪೆನಿ ಕೊಡಬೇಕಾದ್ದನ್ನು ಕೊಡಲೇಬೇಕಾಯಿತು. ದೊಡ್ಡ ಆಚಾರಿ ಅವನ ಜೊತೆ ಹೋದವನು ಮತ್ತೆ ಮರಳಲಿಲ್ಲ. ಅವರು ಹೊರಟ ದಿನ ಪೊರ್ಬುಗಳು ಒಲೆ ಹೊತ್ತಿಸಿದರು. ಅನ್ನ, ಸಾರು, ಒಂದು ಪಲ್ಯ, ಅಷ್ಟೆ.

ಇಲ್ಲಿಗೆ ಕಥೆ ಮುಗಿದಿದ್ದರೆ ನಾನು ಇದನ್ನು ಇಷ್ಟು ಹಲ್ಲು ಕಚ್ಚಿಕೊಂಡು ಬರೆಯುತ್ತಿರಲಿಲ್ಲ. ಎರಡೇ ವಾರದಲ್ಲಿ ಮಸ್ಕತ್ತಿನ ಖುರುಮ್‌ನ ಹೆಡ್ ಆಫೀಸಿನಿಂದ ಪೊರ್ಬುಗಳಿಗೆ ಕಾಗದ ಬಂತು. ಅಡುಗೆಮನೆ ಗಲೀಜಾಗಿದೆ, ಕೆಲಸದಿಂದ ತೆಗೆದಿದೆ ಎಂದು. ಗಲೀಜಂತೆ! ಬೂಟು ಹಾಕಿ ಒಳಗೆ ಕಾಲಿಡಲು ಮ್ಯಾನೇಜರನ್ನೂ ಬಿಡದವರು ಅವರು. ಕಂಪೆನಿಗೆ ಏನೂ ಆಗಲಿಲ್ಲ. ಭಾವನಿಗೆ ಏನೂ ಆಗಲಿಲ್ಲ. ಆರು ತಿಂಗಳಲ್ಲಿ ಅವರಿಗೆ ಇನ್ನೂ ದೊಡ್ಡ ಸೈಟು ಸಿಕ್ಕಿತು. ನನಗೂ ಏನೂ ಆಗಲಿಲ್ಲ. ಮ್ಯಾನೇಜರರ ಭಾವಮೈದುನನನ್ನು ಓಡಿಸಿದರೆ ಜನ ಕಾರಣ ಕೇಳುತ್ತಾರೆ ಎಂದು ನನ್ನನ್ನು ಖುರುಮ್ ಆಫೀಸಿನ ಒಂದು ಮೂಲೆಯ ಮೇಜಿಗೆ ದೂಡಿದರು. ಪಿಕಪ್ಪಿನಲ್ಲಿ ಕುಳಿತು ಹೊರಟವರು ಪೊರ್ಬುಗಳೊಬ್ಬರೇ. ನಾನು ಅವರ ಪೆಟ್ಟಿಗೆ ಎತ್ತಿಕೊಟ್ಟೆ. "ನನ್ನಿಂದಾಗಿ..." ಎಂದು ಶುರುಮಾಡಿದೆ.

"ನಿನ್ನಿಂದ ಎಂಥದೂ ಅಲ್ಲ" ಎಂದರು. "ನಿನ್ನ ಸಿಟ್ಟು ಈಗ ಬಂದದ್ದು. ಆರ್ಲಿಕ್ಕೆ ಬಿಡ್ಬೇಡ."

ಆ ಮಾತನ್ನು ನಾನು ಪಾಲಿಸಿದೆನೇ? ಒಂಬತ್ತು ವರ್ಷ ನಾನು ಮಸ್ಕತ್ತಿನಲ್ಲಿದ್ದೆ. ನಾಲ್ಕು ಸಲ ರಜೆಯಲ್ಲಿ ಊರಿಗೆ ಬಂದೆ. ಶಿರ್ವದ ಕಡೆ ಅವರ ಮನೆ ಎಂದು ಗೊತ್ತಿತ್ತು. ನಮ್ಮ ಮನೆಯಿಂದ ಎರಡು ಬಸ್ಸು. ಪ್ರತಿ ಸಲ ಹೊರಡುತ್ತೇನೆ ಎಂದುಕೊಂಡೆ, ಪ್ರತಿ ಸಲ ಏನೋ ಒಂದು ಅಡ್ಡ ಬಂತು, ಅಥವಾ ನಾನೇ ಅಡ್ಡ ತಂದೆ. ಅಕ್ಕನ ಮನೆಯ ಗೃಹಪ್ರವೇಶದ ಊಟದಲ್ಲಿ ಭಾವ ನೆಂಟರ ಎದುರು, "ನಮ್ಮ ಕ್ಯಾಂಪಲ್ಲಿ ಒಬ್ಬ ಹುಚ್ಚು ಕುಕ್ಕು ಇದ್ದ, ಗ್ರೀಕ್ ದೇವರುಗಳಿಗೆ ಬೈತಾ ಇದ್ದ" ಎಂದು ನಗಿಸಿದರು. ನಾನು ಎದ್ದು ಹೋಗಲಿಲ್ಲ. ಅಕ್ಕ ನನ್ನ ಎಲೆಗೆ ಇನ್ನೊಂದು ಹೋಳಿಗೆ ಹಾಕಿದಳು, ತಿಂದೆ.

ಐದನೆಯ ರಜೆಗೆ ಹದಿನೈದು ದಿನ ಇರುವಾಗ ಆಫೀಸಿನಲ್ಲಿ ಶಿರ್ವದ ಕಡೆಯ ಹುಡುಗನೊಬ್ಬ ಮಾತಿನ ನಡುವೆ ಹೇಳಿದ, ನಮ್ಮ ಊರಲ್ಲಿ ಹಡಗಿನ ಕುಕ್ಕು ಒಬ್ಬರು ತೀರಿಕೊಂಡರು, ಮದುವೆ ಮನೆಗಳಿಗೆ ಅಡುಗೆ ಮಾಡುತ್ತಿದ್ದರು, ಬಹಳ ಸಿಟ್ಟಿನವರು ಎಂದು. ಯಾರೆಂದು ಕೇಳುವ ಅಗತ್ಯವಿರಲಿಲ್ಲ.

ಊರಿಗೆ ಬಂದ ಮರುದಿನವೇ ಹೋದೆ. ಅವರು ಮದುವೆಯಾಗಿರಲಿಲ್ಲ. ಮನೆಯಲ್ಲಿ ವಿಧವೆ ತಂಗಿ ಒಬ್ಬರೇ ಇದ್ದರು. ಕ್ರಿಶ್ಚಿಯನ್ ಹೆಂಗಸರನ್ನು ನಾವು ಬಾಯಮ್ಮ ಎನ್ನುತ್ತೇವೆ. ನಾನು ಇಬ್ರಾದಲ್ಲಿ ಅವರ ಜೊತೆಗಿದ್ದವನು ಎಂದಾಗ ಆ ಬಾಯಮ್ಮನ ಮುಖ ಬಿಗಿಯಾಯಿತು.

"ಅಣ್ಣ ಅಲ್ಲಿ ಎಂಥ ಮಾಡಿದ್ದು?" ಎಂದು ಕೇಳಿದರು. "ಅಷ್ಟು ಬೇಗ ಯಾಕೆ ಕಳಿಸಿದ್ರು? ಇಲ್ಲಿ ಜನ ಒಂದೊಂದು ಹೇಳಿದ್ರು. ಕದ್ದು ಸಿಕ್ಕಿಬಿದ್ದದ್ದು ಅಂದ್ರು, ಕುಡಿದು ಬಿದ್ದದ್ದು ಅಂದ್ರು. ನಾನು ಕೇಳಿದ್ರೆ ಬಾಯಿಯೇ ಬಿಡ್ತಾ ಇರ್ಲಿಲ್ಲ. ಸಾಯುವವರೆಗೂ ಹೇಳಲಿಲ್ಲ."

ನಾನು ಹೇಳಿದೆ. ಅಂಗಳದ ಕಲ್ಲಿನ ಮೇಲೆ ಕುಳಿತು, ಕಂಬಗಳಿಂದ ಹಿಡಿದು ಪಿಕಪ್ಪಿನವರೆಗೆ, ಹಾಳೆ ಬದಲಾಯಿಸಿದವನು ನಾನೇ ಎಂಬುದನ್ನೂ ಸೇರಿಸಿ, ಎಲ್ಲವನ್ನೂ ಹೇಳಿದೆ. ಬಾಯಮ್ಮ ಅಳಲಿಲ್ಲ. ಸೆರಗಿನಿಂದ ಮುಖ ಒರೆಸಿಕೊಂಡು ಎದ್ದು ನಿಂತರು.

"ಅಣ್ಣ ಹೋಗಿ ತಿಂಗಳಾಗ್ತದೆ, ಆದಿತ್ಯವಾರ ಇಗರ್ಜಿಯಲ್ಲಿ ಪೂಜೆ ಉಂಟು" ಎಂದರು. "ನೀವು ಬರ್ಬೇಕು. ಇದನ್ನು ಅಲ್ಲಿ ಎಲ್ಲರ ಎದುರು ಹೇಳ್ಬೇಕು."

ಹೋದೆ. ಪೂಜೆ ಮುಗಿದ ಮೇಲೆ ಇಗರ್ಜಿಯ ಪಕ್ಕದ ಸಭಾಂಗಣದಲ್ಲಿ ಚಾ ಕುಡಿಯುತ್ತಿದ್ದ ಐವತ್ತು ಅರವತ್ತು ಜನರ ಎದುರು ಬಾಯಮ್ಮ ನನ್ನನ್ನು ನಿಲ್ಲಿಸಿದರು. ನಾನು ಹೇಳಿದೆ. ಭಾವನ ಹೆಸರು ಹಿಡಿದೇ ಹೇಳಿದೆ. ಆ ಸುದ್ದಿ ಎರಡು ದಿನದಲ್ಲಿ ಅಕ್ಕನಿಗೆ ಮುಟ್ಟಿತು, ಅಲ್ಲಿಂದ ಈಚೆಗೆ ಆ ಮನೆಯ ಬಾಗಿಲು ನನಗಿಲ್ಲ. ಅದರ ಬಗ್ಗೆ ನನಗೆ ಬೇಸರವೂ ಇಲ್ಲ.

ಅಂದು ನಾನು ಹೇಳಿ ಮುಗಿಸಿದಾಗ ಒಬ್ಬರು ಎದ್ದು ಬಂದು ಬಾಯಮ್ಮನ ಕೈ ಹಿಡಿದುಕೊಂಡರು. ಆಮೇಲೆ ಹಿಂದಿನ ಬೆಂಚಿನಿಂದ, ಕೋಲು ಊರಿಕೊಂಡು, ಪೊರ್ಬುಗಳಷ್ಟೇ ಪ್ರಾಯದ ಒಬ್ಬ ಮುದುಕರು ಎದ್ದು ನಿಂತರು. ಸಿಟ್ಟಿನಿಂದ ಕೋಲನ್ನು ನೆಲಕ್ಕೆ ಕುಟ್ಟಿದರು.

"ಅವ ಒಂಬತ್ತು ವರ್ಷ ಈ ಊರಲ್ಲಿ ತಲೆ ತಗ್ಗಿಸಿ ನಡೆದ" ಎಂದರು. "ಆಗ ನೀವು ಎಲ್ಲಿದ್ರಿ?"